ಮಾಟ ಯಾರದು, ಮಂತ್ರ ಯಾರದು?

ಮಂತ್ರವಾದಿಗಳ ಶಾಲೆಯೊಂದರ ಕತೆ ಓದಿ ಅದರ ಮೇಲೆ ಬರೀತಾ ಇದ್ದೀವಿ ಅಂದಾಗ ಮೊದಲು ನಕ್ಕವರು ನಮ್ಮ ಗೆಳೆಯರೇ. 'ಬೂದಿ ಕೊಡೋ ಬಾಬಾಗಳ ವಿರುದ್ಧ ಭಾಷಣ ಮಾಡಿ ಗಂಟಲು ಹರಕೊಂಡವರು ನೀವು. ಈಗ ಮಂತ್ರದ ಪುಸ್ತಕ ಹಿಡಕೊಂಡು ಕೂತಿದ್ದೀರಲ್ಲ' ಅಂದರು. ಮಾತು ಸರಿಯಾಗೇ ಇದೆ. ಬಾನಾಮತಿ ಮಾಡಿದಳು ಅಂತ ಒಂಟಿ ಮುದುಕಿಯರನ್ನು ಹಿಡಿದು ಬಡಿದ ನಾಡು ನಮ್ಮದು. 'ಡಾಯನ್' ಎಂಬ ಹಣೆಪಟ್ಟಿ ಹಚ್ಚಿ ಹೆಂಗಸರನ್ನು ಹಿಂಸಿಸುವುದನ್ನು ತಡೆಯೋಕೆ ಬಿಹಾರದಲ್ಲಿ 1999ರಲ್ಲಿ ಕಾನೂನೇ ಮಾಡಬೇಕಾಯಿತು. ಕರ್ನಾಟಕದಲ್ಲಿ ವರ್ಷಗಟ್ಟಲೆ ಜಗ್ಗಾಡಿದ ಮೇಲೆ 2017ರಲ್ಲಿ ಮಾಟ ಮತ್ತು ಅಮಾನವೀಯ ಆಚರಣೆಗಳ ವಿರುದ್ಧದ ಕಾಯ್ದೆ ಬಂತು. ಇಂಥ ನಾಡಲ್ಲಿ ಮಂತ್ರದ ಕತೆ ಓದಿ ಹಾಯಾಗಿರೋದು ಹೊಟ್ಟೆ ತುಂಬಿದವರ ಚಟ ಅಲ್ಲವೇ?

ಅದಕ್ಕೇ ನಾವು ಮೊದಲು ನಮ್ಮ ಭಾಷೆಯನ್ನೇ ಕೇಳಿಕೊಂಡೆವು. ಕನ್ನಡದಲ್ಲಿ ಎರಡು ಪದಗಳಿವೆ: ಮಾಟ, ಮಂತ್ರ. ಮಾತಿನಲ್ಲಿ ಎರಡನ್ನೂ ಜೋಡಿಸಿ 'ಮಾಟ ಮಂತ್ರ' ಅಂತೀವಿ. ಆದರೆ ಎರಡಕ್ಕೂ ಒಂದೇ ಪಂಕ್ತಿಯಲ್ಲಿ ಎಲೆ ಹಾಕೋದಿಲ್ಲ. ಮಂತ್ರಕ್ಕೆ ಮಡಿ ಇದೆ, ದಕ್ಷಿಣೆ ಇದೆ, ಗರ್ಭಗುಡಿ ಇದೆ, ಕಲಿಸೋಕೆ ಪಾಠಶಾಲೆ ಇದೆ. ಮಾಟಕ್ಕೆ ಇರೋದು ಊರ ಹೊರಗಿನ ಗುಡಿಸಲು ಮತ್ತು ನಾಲ್ಕು ಜನರ ಕಲ್ಲು. ತುಟಿ ಅಲ್ಲಾಡಿಸಿ ಅರ್ಥವಾಗದ ಮಾತು ಹೇಳೋದು ಎರಡು ಕಡೆಯೂ ಒಂದೇ. ಹೇಳುವವನು ಯಾರು ಅನ್ನೋದರ ಮೇಲೆ ಅದು ಪುಣ್ಯವೋ ಪಾಪವೋ ಅಂತ ತೀರ್ಮಾನ. ಮಂತ್ರ ಸುಳ್ಳು, ಮಾಟವೂ ಸುಳ್ಳು. ಇದರಲ್ಲಿ ನಮಗೆ ಅನುಮಾನ ಇಲ್ಲ. ಆದರೆ ಎರಡು ಸುಳ್ಳುಗಳ ನಡುವೆ ಕಟ್ಟಿರೋ ಗೋಡೆ ಮಾತ್ರ ಅಪ್ಪಟ ನಿಜ. ಆ ಗೋಡೆ ಜಾತಿಯದು, ಗಂಡಸುತನದ್ದು.

ಈ ಗೋಡೆಯ ಮೇಲೆ ಬರೆದ ಪುಸ್ತಕಗಳು ಅಂತಲೇ ನಾವು ಉರ್ಸುಲ ಲೆ ಗ್ವಿನ್ ಅವರ 'ಅರ್ಥ್‌ಸೀ' ಕತೆಗಳನ್ನು ಓದಿದೆವು. ಓದಿ ಒಪ್ಪಿದೆವು, ಜಗಳವನ್ನೂ ಆಡಿದೆವು. ಎರಡನ್ನೂ ಇಲ್ಲಿ ಇಡುತ್ತೇವೆ.

1

ಮೊದಲು ಪುಸ್ತಕಗಳ ವಿಚಾರ. ಲೆ ಗ್ವಿನ್ 1929ರಲ್ಲಿ ಅಮೆರಿಕದ ಕ್ಯಾಲಿಫೋರ್ನಿಯದಲ್ಲಿ ಹುಟ್ಟಿದವರು, 2018ರಲ್ಲಿ ತೀರಿಕೊಂಡರು. ಈ ಸರಣಿಯ ಮೊದಲ ಕಾದಂಬರಿ 'ಎ ವಿಝರ್ಡ್ ಆಫ್ ಅರ್ಥ್‌ಸೀ' 1968ರಲ್ಲಿ ಬಂತು. 'ದಿ ಟೂಮ್ಸ್ ಆಫ್ ಅಟುವಾನ್' 1971ರಲ್ಲಿ, 'ದಿ ಫಾರ್ದೆಸ್ಟ್ ಶೋರ್' 1972ರಲ್ಲಿ ಬಂದವು. ಆಮೇಲೆ ಹದಿನೆಂಟು ವರ್ಷ ಮೌನ. 1990ರಲ್ಲಿ 'ತೆಹಾನು' ಬಂತು. 2001ರಲ್ಲಿ ಕತೆಗಳ ಸಂಕಲನ 'ಟೇಲ್ಸ್ ಫ್ರಮ್ ಅರ್ಥ್‌ಸೀ' ಮತ್ತು ಕಾದಂಬರಿ 'ದಿ ಅದರ್ ವಿಂಡ್' ಎರಡೂ ಬಂದವು. ಮೊದಲ ಮೂರಕ್ಕೂ ಆಮೇಲಿನ ಮೂರಕ್ಕೂ ಇರೋ ಅಂತರವೇ ನಮ್ಮ ವಿಮರ್ಶೆಯ ವಸ್ತು. ಒಬ್ಬ ಲೇಖಕಿ ತಾನು ಕಟ್ಟಿದ ಮನೆಯ ಬುನಾದಿಯನ್ನು ತಾನೇ ಅಗೆದು ನೋಡಿದ ಕತೆ ಇದು.

ಅರ್ಥ್‌ಸೀ ಅಂದರೆ ನೂರಾರು ದ್ವೀಪಗಳ ಲೋಕ. ಅಲ್ಲಿನ ಬಹುಪಾಲು ಜನರ ಮೈಬಣ್ಣ ತಾಮ್ರಗೆಂಪು, ಕಂದು, ಕಪ್ಪು. ಕತೆಯ ನಾಯಕ ಗೆಡ್ ತಾಮ್ರದ ಬಣ್ಣದವನು, ಅವನ ಜೀವದ ಗೆಳೆಯ ವೆಚ್ ಕಪ್ಪಗಿನವನು. ಬಿಳಿ ಚರ್ಮದವರು ಪೂರ್ವದ ಕಡೆಯ ಕಾರ್ಗ್ ಜನ. ಮೊದಲ ಪುಸ್ತಕದಲ್ಲಿ ದೋಣಿಯಲ್ಲಿ ಬಂದು ಹಳ್ಳಿ ಸುಡುವವರು ಅವರೇ. ಬಿಳಿಯ ವೀರನೇ ಕರಿಯ ರಾಕ್ಷಸರನ್ನು ಕೊಲ್ಲಬೇಕು ಅನ್ನೋ ಕಟ್ಟಳೆ ಗಟ್ಟಿಯಾಗಿದ್ದ ಕಾಲದಲ್ಲಿ, 1968ರಲ್ಲಿ, ಹೀಗೆ ಬರೆದದ್ದು ಸಣ್ಣ ಮಾತಲ್ಲ. 2004ರಲ್ಲಿ ಅಮೆರಿಕದ ಟಿ.ವಿ. ವಾಹಿನಿಯೊಂದು ಈ ಕತೆಯನ್ನು ಧಾರಾವಾಹಿ ಮಾಡಿದಾಗ ಗೆಡ್‌ನನ್ನು ಬಿಳಿಯನನ್ನಾಗಿ ಮಾಡಿಬಿಟ್ಟಿತು. ಲೆ ಗ್ವಿನ್ ಪತ್ರಿಕೆಯಲ್ಲಿ ಬಹಿರಂಗವಾಗಿಯೇ ಪ್ರತಿಭಟಿಸಿ ಬರೆದರು. ರಾಮ ಕೃಷ್ಣರನ್ನು ನೀಲಿ ಬಣ್ಣದಲ್ಲಿ ಬರೆದು ಕಪ್ಪನ್ನು ಅಡಗಿಸಿದ ಕ್ಯಾಲೆಂಡರುಗಳ ನಡುವೆ ಬೆಳೆದ ನಮಗೆ ಈ ಸಿಟ್ಟು ಬಿಡಿಸಿ ಹೇಳಬೇಕಾಗಿಲ್ಲ.

ಈ ಲೋಕದ ನಡುವೆ ರೋಕ್ ಎಂಬ ದ್ವೀಪ. ಅಲ್ಲಿ ಮಂತ್ರವಾದಿಗಳ ಶಾಲೆ. ಇವತ್ತಿನ ಹುಡುಗರಿಗೆ ಮಂತ್ರದ ಶಾಲೆ ಅಂದರೆ 1997ರಲ್ಲಿ ಬಂದ ಹ್ಯಾರಿ ಪಾಟರ್ ನೆನಪಾಗುತ್ತಾನೆ. ರೋಕ್ ಅದಕ್ಕಿಂತ ಇಪ್ಪತ್ತೊಂಬತ್ತು ವರ್ಷ ಹಿರಿದು.

2

ಈ ಶಾಲೆಯ ಕಟ್ಟೋಣ ನೋಡಿ. ಒಂಬತ್ತು ಮಂದಿ ಗುರುಗಳು, ಅವರ ಮೇಲೊಬ್ಬ ಮಹಾಗುರು. ಗಾಳಿ ಮಳೆಯನ್ನು ಆಳುವವನೊಬ್ಬ. ಕಣ್ಕಟ್ಟು ಕಲಿಸುವವನೊಬ್ಬ. ಬೇರು ನಾರು, ಔಷಧಿ ಬಲ್ಲವನೊಬ್ಬ. ಹಾಡು ಮತ್ತು ಚರಿತ್ರೆ ಕಾಯುವವನೊಬ್ಬ. ಒಂದು ವಸ್ತುವನ್ನು ಇನ್ನೊಂದಾಗಿ ಮಾರ್ಪಡಿಸುವವನು, ಇಲ್ಲದ್ದನ್ನು ಕರೆಯುವವನು, ಎಲ್ಲದರ ನಿಜನಾಮ ಬಲ್ಲವನು, ವನದ ವಿನ್ಯಾಸ ಓದುವವನು, ಕೊನೆಗೆ ಬಾಗಿಲು ಕಾಯುವವನು. ಊರೂರಲ್ಲಿ ಚದುರಿ ಹೋಗಿದ್ದ ಬಗೆಬಗೆಯ ಶಕ್ತಿಗಳನ್ನು ತಂದು ಒಂದೇ ಸೂರಿನಡಿ ಬೆಸೆದದ್ದೇ ಈ ಶಾಲೆಯ ಹೆಗ್ಗಳಿಕೆ.

ಬೆಸುಗೆ ಅಂದ ಕೂಡಲೇ ಕೈ ತಟ್ಟಬೇಡಿ. ಸ್ವಲ್ಪ ಒಳಹೊಕ್ಕು ನೋಡೋಣ.

ಗೆಡ್ ಯಾರು? ಗಾಂಟ್ ಎಂಬ ಬೆಟ್ಟದ ದ್ವೀಪದ ಮೇಕೆ ಕಾಯೋ ಹುಡುಗ, ಕಂಚುಗಾರನ ಮಗ. ಅವ್ವ ಅವನ ಎಳವೆಯಲ್ಲೇ ಸತ್ತಳು. ಅವನಿಗೆ ಮೊದಲ ಅಕ್ಷರ ತಿದ್ದಿಸಿದವಳು ಊರಿನ ಮಾಟಗಾತಿ. ಸಂಬಂಧದಲ್ಲಿ ಅವನ ಅವ್ವನ ಅಕ್ಕ, ಅಂದರೆ ನಮ್ಮ ಮಾತಲ್ಲಿ ದೊಡ್ಡವ್ವ. ಮೇಕೆಯನ್ನು ಕರೆಯೋ ಮಾತು, ಗಿಡುಗವನ್ನು ಇಳಿಸೋ ಮಾತು, ಗಾಯಕ್ಕೆ ಹಚ್ಚೋ ಸೊಪ್ಪು, ಎಲ್ಲಾ ಅವಳ ಕೈಯಿಂದಲೇ ಬಂದದ್ದು. ಕಾರ್ಗ್ ಸೈನಿಕರು ಹಳ್ಳಿಗೆ ನುಗ್ಗಿದಾಗ ಹನ್ನೆರಡು ಹದಿಮೂರರ ಈ ಹುಡುಗ ಮಂಜು ಎಬ್ಬಿಸಿ ಊರನ್ನೇ ಮರೆಮಾಡುತ್ತಾನೆ. ಆ ಸುದ್ದಿ ಕೇಳಿ ಆಜಿಯನ್ ಎಂಬ ದೊಡ್ಡ ಮಂತ್ರವಾದಿ ಬಂದು ಅವನಿಗೆ ಹೆಸರಿಡುತ್ತಾನೆ, ತನ್ನ ಶಿಷ್ಯನನ್ನಾಗಿ ಮಾಡಿಕೊಳ್ಳುತ್ತಾನೆ. ಅಲ್ಲಿಂದ ಹುಡುಗ ರೋಕ್‌ಗೆ ಹೋಗುತ್ತಾನೆ. ದೊಡ್ಡವ್ವ? ಅವಳು ಕತೆಯಿಂದಲೇ ಹೊರಟುಹೋಗುತ್ತಾಳೆ. ಬೇರು ನಾರು ಕಲಿಸುವ ಗುರು ರೋಕ್‌ನಲ್ಲಿದ್ದಾನೆ. ಬೇರು ನಾರು ಬಲ್ಲ ದೊಡ್ಡವ್ವ ಅಲ್ಲಿಗೆ ಕಾಲಿಡುವಂತಿಲ್ಲ. ಹೆಂಗಸರ ವಿದ್ಯೆಯನ್ನು ಹೀಗಳೆಯುವ ಗಾದೆಗಳೇ ಗಾಂಟ್‌ನಲ್ಲಿವೆ. ಒಂದು ಗಾದೆ ಅದನ್ನು ಕೈಲಾಗದ್ದು ಅನ್ನುತ್ತದೆ, ಇನ್ನೊಂದು ಕೇಡಿನದ್ದು ಅನ್ನುತ್ತದೆ. ಕೈಲಾಗದ್ದು ಕೇಡು ಮಾಡೋದು ಹೇಗೆ ಸ್ವಾಮಿ ಅಂತ ಯಾರೂ ಕೇಳೋದಿಲ್ಲ. ನಮ್ಮನ್ನು 'ಬುದ್ಧಿ ಇಲ್ಲದವರು' ಅಂತಲೂ 'ಕುತಂತ್ರಿಗಳು' ಅಂತಲೂ ಒಂದೇ ಉಸಿರಲ್ಲಿ ಬೈದವರನ್ನು ಕಂಡವರು ನಾವು. ಈ ತರ್ಕ ನಮಗೆ ಹೊಸದಲ್ಲ.

ಶಾಲೆಯೊಳಗೆ ಗೆಡ್‌ಗೆ ಎದುರಾಗುವವನು ಜಾಸ್ಪರ್, ಒಡೆಯರ ಮನೆತನದ ಹುಡುಗ. ಅವನು ಬೈಯೋದಿಲ್ಲ. ನಯವಾಗಿ ಮಾತಾಡಿ, ಮೇಕೆ ಕಾಯೋನು ಅನ್ನೋದನ್ನು ಮರೆಯೋಕೆ ಬಿಡೋದಿಲ್ಲ. ಹಾಸ್ಟೆಲಿನಿಂದ ಬಂದು ಪೇಟೆಯ ಕಾಲೇಜಿನ ಬೆಂಚಿನಲ್ಲಿ ಕೂತವರಿಗೆ ಈ ನಯವಂತಿಕೆ ಎಷ್ಟು ಆಳಕ್ಕೆ ಇಳಿಯುತ್ತದೆ ಅಂತ ಗೊತ್ತು. ಆ ಅವಮಾನದ ಉರಿಯಲ್ಲೇ ಗೆಡ್ ತನ್ನ ಶಕ್ತಿ ತೋರಿಸೋಕೆ ಹೋಗಿ ಸತ್ತವರನ್ನು ಕರೆಯುತ್ತಾನೆ. ಜೊತೆಗೊಂದು ಕರಿನೆರಳು ಈ ಲೋಕಕ್ಕೆ ನುಗ್ಗುತ್ತದೆ. ಬಿರುಕು ಮುಚ್ಚಲು ಹೋದ ಮಹಾಗುರು ಸಾಯುತ್ತಾನೆ. ಇಡೀ ಕಾದಂಬರಿ ಆ ನೆರಳಿನ ಬೆನ್ನಟ್ಟುವಿಕೆ. ಕೊನೆಗೆ ಗೆಡ್ ನೆರಳನ್ನು ತನ್ನದೇ ಹೆಸರಿನಿಂದ ಕರೆದು ಅಪ್ಪುತ್ತಾನೆ.

ವಿಮರ್ಶಕರು ಇದನ್ನು ಮನಃಶಾಸ್ತ್ರದ ಕತೆ ಅಂತ ಹೊಗಳಿದ್ದಾರೆ. ನಮ್ಮ ನವ್ಯರು ಓದಿದ್ದರೂ ಹಾಗೇ ಹೊಗಳುತ್ತಿದ್ದರು: ಅಹಂಕಾರ, ಆತ್ಮಶೋಧ, ವ್ಯಕ್ತಿಯ ಒಳಗಿನ ಕತ್ತಲು. ಸರಿ. ಆದರೆ ಆ ನೆರಳಿಗೆ ಸೂಲಗಿತ್ತಿಯ ಕೆಲಸ ಮಾಡಿದ್ದು ಜಾಸ್ಪರನ ನಗು. ಆ ನಗುವಿಗೆ ವಿಚಾರಣೆ ಆಗಲೇ ಇಲ್ಲ. ಪ್ರಾಯಶ್ಚಿತ್ತ ಪೂರ್ತಿ ಮೇಕೆ ಕಾಯೋನ ತಲೆಗೆ. 1968ರ ಪುಸ್ತಕದ ಮಿತಿ ಇದು.

3

ಈಗ ಬುನಾದಿ ಅಗೆದ ಕತೆಗೆ ಬರೋಣ. 2001ರ ಸಂಕಲನದಲ್ಲಿ 'ದಿ ಫೈಂಡರ್' ಅಂತ ಒಂದು ನೀಳ್ಗತೆ ಇದೆ. ನಮ್ಮ ಪ್ರಕಾರ ಇಡೀ ಸರಣಿಯ ಕೀಲಿ ಅದು. ರೋಕ್ ಶಾಲೆ ಹುಟ್ಟಿದ್ದು ಹೇಗೆ ಅಂತ ಅದು ಹೇಳುತ್ತದೆ.

ರಾಜರಿಲ್ಲದ, ಪುಂಡ ಪಾಳೆಯಗಾರರ ಕಾಲ. ಮಂತ್ರ ಬಲ್ಲವರೆಲ್ಲ ಪಾಳೆಯಗಾರರ ಊಳಿಗಕ್ಕೆ ನಿಂತಿದ್ದಾರೆ. ದೋಣಿ ಕಟ್ಟುವವನ ಮಗ ಆಟರ್ ಎಂಬ ಹುಡುಗನನ್ನು ಹಿಡಿದು ಪಾದರಸದ ಗಣಿಗೆ ದೂಡುತ್ತಾರೆ. ಅದಿರನ್ನು ಹುರಿಯುವ ಗೋಪುರದಲ್ಲಿ ಜೀತದಾಳುಗಳು ಹೊಗೆ ಕುಡಿದು ಕುಡಿದು ಸಾಯುತ್ತಾರೆ. ಇದು ಬರೀ ಕಲ್ಪನೆಯಲ್ಲ. ಪಾದರಸದ ಅದಿರನ್ನು ಹುರಿದೇ ರಸ ತೆಗೆಯೋದು. ಆ ಆವಿ ನರವನ್ನೂ ಒಸಡನ್ನೂ ತಿಂದುಹಾಕುತ್ತದೆ. ಸ್ಪೇನಿನ ಅಲ್ಮಾಡೆನ್ ಗಣಿಗೆ ಶತಮಾನಗಳ ಹಿಂದೆ ಕೈದಿಗಳನ್ನೂ ಗುಲಾಮರನ್ನೂ ದೂಡಿದ್ದು ಚರಿತ್ರೆ. ಕತೆಯ ಗೋಪುರದಲ್ಲಿ ಅನೀಬ್ ಎಂಬ ಹೆಣ್ಣು ಇದ್ದಾಳೆ. ಮೈಯೆಲ್ಲ ಹುಣ್ಣು, ಸಾವಿನ ಅಂಚಿನಲ್ಲಿದ್ದಾಳೆ. ಗಣಿಯ ಒಡೆಯನಾಗಿ ಮೆರೆಯುವ ಗೆಲ್ಲಕ್ ಎಂಬ ಮಂತ್ರವಾದಿಗೆ ಅವಳು ಕಣ್ಣಿಗೇ ಬೀಳೋದಿಲ್ಲ. ಕಣ್ಣಿಗೆ ಬೀಳದವಳೇ ಅವನನ್ನು ಕೆಡವುತ್ತಾಳೆ. ಅವಳ ಬಲ ಮತ್ತು ಆಟರ್‌ನ ವಿದ್ಯೆ ಒಂದಾದಾಗ ನೆಲ ಬಾಯಿಬಿಡುತ್ತದೆ, ಗೆಲ್ಲಕ್ ಒಳಗೆ ಬೀಳುತ್ತಾನೆ, ನೆಲ ಮುಚ್ಚಿಕೊಳ್ಳುತ್ತದೆ. ಇಬ್ಬರೂ ತಪ್ಪಿಸಿಕೊಳ್ಳುತ್ತಾರೆ. ಆದರೆ ಅನೀಬ್ ಬದುಕೋದಿಲ್ಲ. ಅವಳ ತಾಯಿ ಆಟರ್‌ಗೆ ಊಟ ಹಾಕಿ ಒಂದು ಗುಟ್ಟಿನ ಕೂಟದ ವಿಚಾರ ಹೇಳುತ್ತಾಳೆ. ಅದರ ಹೆಸರು 'ಕೈ'. ಊರೂರಿನ ಸಾಮಾನ್ಯ ಹೆಂಗಸರು ಮತ್ತು ಕೆಲವು ಗಂಡಸರು ಸೇರಿ, ವಿದ್ಯೆಯನ್ನು ಒಡೆಯರ ಕೈಗೆ ಸಿಗದಂತೆ ಒಬ್ಬರಿಂದೊಬ್ಬರಿಗೆ ದಾಟಿಸುತ್ತಿದ್ದ ಬಳಗ ಅದು.

ಆಟರ್ ಹುಡುಕುತ್ತಾ ರೋಕ್‌ಗೆ ಹೋಗುತ್ತಾನೆ. ಅಲ್ಲಿ ಪಾಳೆಯಗಾರರ ದಾಳಿಯಲ್ಲಿ ಅಳಿದುಳಿದ ಹೆಂಗಸರು ದ್ವೀಪವನ್ನು ಕಾಪಾಡಿಕೊಂಡಿದ್ದಾರೆ. ಅವರೂ ಇವನೂ ಸೇರಿ ಶಾಲೆ ಕಟ್ಟುತ್ತಾರೆ. ಅಂದರೆ, ರೋಕ್ ಶಾಲೆಯ ಮೊದಲ ಕಲ್ಲು ಇಟ್ಟವರು ಹೆಂಗಸರು. ಅದಕ್ಕೂ ಮೊದಲಿನ ಕಲ್ಲು, ಕಾಣದ ಕಲ್ಲು, ಜೀತದಾಳು ಅನೀಬ್. ಸೂಲಗಿತ್ತಿಯ ಬೇರು, ದೋಣಿಗಾರನ ಗಾಳಿಜ್ಞಾನ, ಹಾಡುಗಾರರ ನೆನಪು, ನೆಲದ ಹಳೆಯ ಶಕ್ತಿ, ಎಲ್ಲಾ ಸಮಸಮನಾಗಿ ಕೂಡಿದ್ದು ಆಗ. ಅದು ನಿಜವಾದ ಬೆಸುಗೆ.

ಆಮೇಲೆ ಆದದ್ದೇನು? ಅದೇ ಸಂಕಲನದ ಕೊನೆಗೆ ಲೆ ಗ್ವಿನ್ ಆ ಲೋಕದ ಚರಿತ್ರೆಯನ್ನು ಒಣ ಇತಿಹಾಸದ ಹಾಗೆ ಬರೆದು ಕೊಟ್ಟಿದ್ದಾರೆ. ಅಲ್ಲಿನ ಲೆಕ್ಕದ ಪ್ರಕಾರ ಸುಮಾರು 650ನೇ ವರ್ಷದಲ್ಲಿ ಶಾಲೆ ಹುಟ್ಟಿತು. ಸುಮಾರು 730ರಲ್ಲಿ ಹಾಲ್ಕೆಲ್ ಎಂಬಾತ ಮೊದಲ ಮಹಾಗುರುವಾಗಿ ಕೂತ. ಕೂತವನು ಹೆಂಗಸರನ್ನು ಶಾಲೆಯಿಂದ ಹೊರಗಿಟ್ಟ. ಒಂಬತ್ತು ಗುರುಗಳಲ್ಲಿ ಬೇಡ ಅಂದವರು ಇಬ್ಬರೇ: ವನದ ಗುರು ಮತ್ತು ಬಾಗಿಲು ಕಾಯುವವನು. ಅವರ ಮಾತು ನಡೆಯಲಿಲ್ಲ. ಮುಂದಿನ ಮೂರು ಶತಮಾನಕ್ಕೂ ಹೆಚ್ಚು ಕಾಲ ಅಲ್ಲಿ ಒಬ್ಬ ಹೆಣ್ಣೂ ಕಲಿಯಲಿಲ್ಲ, ಕಲಿಸಲಿಲ್ಲ. ಕಟ್ಟಿದವರ ಹೆಸರನ್ನೂ ಜನ ಮರೆತರು. ಗೆಡ್ ಆ ಶಾಲೆಗೆ ಬರುವ ಹೊತ್ತಿಗೆ ಅದು ಸದಾ ಗಂಡಸರದ್ದೇ ಆಗಿತ್ತು ಅಂತ ಎಲ್ಲರೂ ನಂಬಿದ್ದರು.

ಗೆಳೆಯರೇ, ಎಂಬತ್ತು ವರ್ಷ ಸಾಕಾಯಿತು ನೋಡಿ. ಕೂಡಿ ಕಟ್ಟಿದ್ದನ್ನು ಒಬ್ಬರ ಆಸ್ತಿ ಮಾಡೋಕೆ ಸಾವಿರ ವರ್ಷ ಬೇಕಿಲ್ಲ. ಬೆಸುಗೆ ಅನ್ನೋದಕ್ಕೂ ನುಂಗೋದಕ್ಕೂ ಇರೋ ವ್ಯತ್ಯಾಸ ಇಲ್ಲಿದೆ. ಬೆಸೆದಾಗ ಎರಡು ಲೋಹವೂ ಉಳಿಯುತ್ತವೆ. ನುಂಗಿದಾಗ ಒಂದರ ಹೊಟ್ಟೆ ತುಂಬುತ್ತದೆ, ಇನ್ನೊಂದು ಇರೋದಿಲ್ಲ. ರೋಕ್ ಬೇರಿನ ಜ್ಞಾನವನ್ನು ಇಟ್ಟುಕೊಂಡಿತು, ಬೇರು ಕಿತ್ತ ಕೈಯನ್ನು ಹೊರಗಿಟ್ಟಿತು. 'ನಮ್ಮ ಸಂಸ್ಕೃತಿ ಎಲ್ಲವನ್ನೂ ಒಳಗೊಂಡಿದೆ, ಸಮನ್ವಯವೇ ನಮ್ಮ ಪರಂಪರೆ' ಅಂತ ವೇದಿಕೆಯ ಮೇಲೆ ಹೇಳುವವರನ್ನು ನಾವು ಕೇಳಬೇಕಾದ ಪ್ರಶ್ನೆ ಇದೇ: ಒಳಗೊಂಡದ್ದು ನಮ್ಮನ್ನೋ, ನಮ್ಮ ಹತ್ತಿರ ಇದ್ದದ್ದನ್ನೋ?

ಲೆ ಗ್ವಿನ್ ಇದನ್ನು ಎಲ್ಲಿಂದ ಕಂಡರು? ಅವರ ಓದಿನ ಹಾದಿ ನೋಡಿದರೆ ಅರ್ಥ ಆಗುತ್ತದೆ. ಅವರು 1951ರಲ್ಲಿ ಪದವಿ ಪಡೆದದ್ದು ರ‍್ಯಾಡ್‌ಕ್ಲಿಫ್ ಕಾಲೇಜಿನಲ್ಲಿ. ಹಾರ್ವರ್ಡಿನ ಕಾಲೇಜು ಗಂಡಸರದ್ದು, ಅದರ ಪಕ್ಕದಲ್ಲಿ ಹೆಂಗಸರಿಗೆ ಅಂತ ಇದ್ದದ್ದು ರ‍್ಯಾಡ್‌ಕ್ಲಿಫ್. ಪಾಠ ಹೇಳುವವರು ಹಾರ್ವರ್ಡಿನ ಮೇಷ್ಟರು, ಪದವಿಪತ್ರದ ಮೇಲಿನ ಹೆಸರು ಬೇರೆ. 1952ರಲ್ಲಿ ಅವರು ಎಂ.ಎ. ಮಾಡಿದ್ದು ನ್ಯೂಯಾರ್ಕಿನ ಕೊಲಂಬಿಯ ವಿಶ್ವವಿದ್ಯಾಲಯದಲ್ಲಿ. ಹೌದು, 1913ರಲ್ಲಿ ಬಾಬಾಸಾಹೇಬ್ ಅಂಬೇಡ್ಕರ್ ಹೋಗಿ ಕೂತ ಅದೇ ಕೊಲಂಬಿಯ. ನಮ್ಮ ಶಾಲೆಯಲ್ಲಿ ಗೋಣಿತಟ್ಟಿನ ಮೇಲೆ ದೂರ ಕೂತಿದ್ದ ಹುಡುಗನಿಗೆ ಅಲ್ಲಿ ಕುರ್ಚಿ ಸಿಕ್ಕಿತು. ಅದೇ ವಿಶ್ವವಿದ್ಯಾಲಯದ ಕೊಲಂಬಿಯ ಕಾಲೇಜು ಪದವಿ ತರಗತಿಗೆ ಹೆಣ್ಣುಮಕ್ಕಳನ್ನು ಸೇರಿಸಿಕೊಂಡದ್ದು 1983ರಲ್ಲಿ. ಒಂದು ಬಾಗಿಲು ಒಬ್ಬರಿಗೆ ತೆರೆದಿದೆ ಅಂದರೆ ಎಲ್ಲರಿಗೂ ತೆರೆದಿದೆ ಅಂತಲ್ಲ. ಇದನ್ನು ನಮ್ಮ ಚಳವಳಿಯ ಗಂಡಸರು, ಅಂದರೆ ನಾವೂ, ಎರಡು ಸಲ ಓದಿಕೊಳ್ಳಬೇಕು.

4

ಅರ್ಥ್‌ಸೀಯಲ್ಲಿ ಶಕ್ತಿ ಅಂದರೆ ಹೆಸರು. ಪ್ರತಿ ಜೀವಕ್ಕೂ ಒಂದು ನಿಜನಾಮ ಇದೆ. ಅದು ಗೊತ್ತಿದ್ದವನಿಗೆ ಆ ಜೀವದ ಮೇಲೆ ಹಿಡಿತ. ಅದಕ್ಕೇ ಎಲ್ಲರೂ ಅಡ್ಡಹೆಸರು ಇಟ್ಟುಕೊಂಡು ಬದುಕುತ್ತಾರೆ. ಪರಮ ನಂಬಿಕೆಯವರಿಗೆ ಮಾತ್ರ ನಿಜನಾಮ ಹೇಳುತ್ತಾರೆ.

ಇದನ್ನು ಓದಿ ನಮಗೆ ಮೈ ಜುಮ್ಮೆಂದಿತು. ನಮ್ಮ ತಾತಂದಿರಿಗೆ ಚೆಂದದ ಹೆಸರು ಇಟ್ಟುಕೊಳ್ಳೋ ಹಕ್ಕೇ ಇರಲಿಲ್ಲ. ಕರಿಯ, ತಿಪ್ಪ, ಕೆಂಚ ಅಂತ ಗೌಡರ ಹಟ್ಟಿಯಲ್ಲಿ ಕೂಗಿದ್ದೇ ಹೆಸರು. ಅಪ್ಪಿತಪ್ಪಿ ದೇವರ ಹೆಸರಿಟ್ಟರೆ ಅದರ ಬಾಲ ಕತ್ತರಿಸಿ ಕರೆದರು. ಶಾಲೆಗೆ ಸೇರಿಸೋ ದಿನ ಯಾರೋ ಮೇಷ್ಟರು ದಾಖಲೆಯಲ್ಲಿ ಬರೆದ ಹೆಸರೇ ನಮ್ಮಲ್ಲಿ ಹಲವರ ಹೆಸರಾಯಿತು. ಹೆಸರಿಡೋದು ಅಧಿಕಾರ ಅಂತ ನಮಗೆ ಯಾವ ಮಂತ್ರವಾದಿಯೂ ಕಲಿಸಬೇಕಿಲ್ಲ.

ಲೆ ಗ್ವಿನ್ ಅವರ ಮನೆಯಲ್ಲೂ ಒಂದು ಹೆಸರಿನ ಕತೆ ಇತ್ತು. ಅವರ ತಂದೆ ಆಲ್ಫ್ರೆಡ್ ಕ್ರೋಬರ್ ಹೆಸರಾಂತ ಮಾನವಶಾಸ್ತ್ರಜ್ಞ. 1911ರ ಆಗಸ್ಟಿನಲ್ಲಿ ಕ್ಯಾಲಿಫೋರ್ನಿಯದ ಓರೊವಿಲ್ ಊರಿನ ಕಸಾಯಿಖಾನೆಯ ಹತ್ತಿರ ಹಸಿದು ಬೆಂಡಾದ ಒಬ್ಬ ಮನುಷ್ಯ ಸಿಕ್ಕಿದ. ಅವನ ಯಾಹಿ ಬುಡಕಟ್ಟನ್ನು ಬಿಳಿಯರು ಬೇಟೆಯಾಡಿ ಕೊಂದು ಮುಗಿಸಿದ್ದರು. ಉಳಿದವನು ಅವನೊಬ್ಬ. ತಮ್ಮ ಹೆಸರನ್ನು ತಾವೇ ಹೇಳಬಾರದು ಅನ್ನೋದು ಅವರ ಕಟ್ಟಳೆ, ಹೇಳೋಕೆ ಅವನವರು ಯಾರೂ ಉಳಿದಿರಲಿಲ್ಲ. ಕ್ರೋಬರ್ ಅವನನ್ನು 'ಇಶಿ' ಅಂದರು; ಆ ಭಾಷೆಯಲ್ಲಿ ಮನುಷ್ಯ ಅಂತ ಅರ್ಥ. ಸ್ಯಾನ್‌ಫ್ರಾನ್ಸಿಸ್ಕೋದ ವಿಶ್ವವಿದ್ಯಾಲಯದ ವಸ್ತುಸಂಗ್ರಹಾಲಯದಲ್ಲಿ ಅವನನ್ನು ಇಟ್ಟರು. ತನ್ನ ಜನದ ಭಾಷೆ, ಬಾಣ, ಬೆಂಕಿ, ಹಾಡು ಎಲ್ಲವನ್ನೂ ಅವನು ವಿದ್ವಾಂಸರಿಗೆ ಕೊಟ್ಟ. ಅಲ್ಲಿ ಅವನಿಗೆ ಸಂಬಳ ಬರುತ್ತಿದ್ದದ್ದು ಜಾಡಮಾಲಿಯ ಸಹಾಯಕನ ಕೆಲಸಕ್ಕೆ. 1916ರಲ್ಲಿ ಕ್ಷಯದಿಂದ ಸತ್ತ. ಅವನ ಮಿದುಳನ್ನು ತೆಗೆದು ಸ್ಮಿತ್ಸೋನಿಯನ್ ಸಂಸ್ಥೆಗೆ ಕಳಿಸಿದರು. ಅದು ಅವನ ನಂಟಿನ ಬುಡಕಟ್ಟಿನವರ ಕೈಗೆ ಮರಳಿದ್ದು 2000ದಲ್ಲಿ. ಲೆ ಗ್ವಿನ್ ಅವರ ತಾಯಿ ಥಿಯೋಡೋರಾ 1961ರಲ್ಲಿ ಇಶಿಯ ಕತೆ ಬರೆದರು. ಬರ್ಕ್ಲಿ ವಿಶ್ವವಿದ್ಯಾಲಯ ತನ್ನ ಕಟ್ಟಡವೊಂದಕ್ಕಿದ್ದ ಕ್ರೋಬರ್ ಹೆಸರನ್ನು 2021ರಲ್ಲಿ ತೆಗೆದುಹಾಕಿತು.

ಇಶಿ ಸತ್ತ ಹದಿಮೂರು ವರ್ಷಕ್ಕೆ ಲೆ ಗ್ವಿನ್ ಹುಟ್ಟಿದ್ದು. ಅರ್ಥ್‌ಸೀಯ ನಿಜನಾಮಕ್ಕೂ ಇಶಿ ಹೇಳದೆ ಹೋದ ಹೆಸರಿಗೂ ನಂಟು ಇದೆ ಅಂತ ಹೇಳುತ್ತಿರುವವರು ನಾವು. ಇದು ನಮ್ಮ ಓದು. ಆದರೆ ಯೋಚನೆ ಮಾಡಿ: ವಿದ್ಯೆ ಕೊಟ್ಟವನು ಕಸ ಗುಡಿಸುತ್ತಾನೆ, ವಿದ್ಯೆ ಪಡೆದವರ ಹೆಸರು ಕಟ್ಟಡದ ಮೇಲೆ ಏರುತ್ತದೆ. ಅನೀಬ್ ಮತ್ತು ರೋಕ್‌ನ ಕತೆ ಇದಕ್ಕಿಂತ ಬೇರೆಯೇ?

5

'ತೆಹಾನು' ಕಾದಂಬರಿಗೆ ಬಂದಾಗ ಲೆ ಗ್ವಿನ್ ಶಾಲೆಯನ್ನು ಬಿಟ್ಟು ಅಡುಗೆಮನೆಗೆ, ಮೇಕೆಯ ದೊಡ್ಡಿಗೆ ಬರುತ್ತಾರೆ. ಗೆಡ್‌ನ ಮಂತ್ರಶಕ್ತಿ ಪೂರ್ತಿ ಹೋಗಿದೆ. ಟೆನಾರ್ ಈಗ ರೈತನ ವಿಧವೆ. ಅವಳು ಸಾಕುತ್ತಿರುವ ಹುಡುಗಿ ತೆರ್ರು. ಆ ಮಗುವನ್ನು ಅದರ ಮಂದಿಯೇ ಕೆಡಿಸಿ, ಬಡಿದು, ಬೆಂಕಿಗೆ ಎಸೆದಿದ್ದರು. ಅರ್ಧ ಮುಖ ಸುಟ್ಟಿದೆ, ಒಂದು ಕೈ ಸೊಟ್ಟಗಾಗಿದೆ. ಊರವರು ಅವಳನ್ನು ಕಂಡು ಮುಖ ತಿರುಗಿಸುತ್ತಾರೆ. ಸುಟ್ಟವರಿಗಿಂತ ಸುಟ್ಟುಕೊಂಡವಳನ್ನು ಕಂಡರೇ ಅವರಿಗೆ ಭಯ. ಆಜಿಯನ್ ಮುದುಕ ಸಾಯುವ ಮುನ್ನ ಈ ಹುಡುಗಿಗೆ ಎಲ್ಲವನ್ನೂ ಕಲಿಸು, ಆದರೆ ಅದು ರೋಕ್‌ನಲ್ಲಿ ಆಗುವ ಕೆಲಸವಲ್ಲ ಅನ್ನುತ್ತಾನೆ. ಕೊನೆಗೆ ಟೆನಾರ್ ಮತ್ತು ಗೆಡ್ ಇಬ್ಬರೂ ದುಷ್ಟ ಮಂತ್ರವಾದಿಯ ಕೈಗೆ ಸಿಕ್ಕಾಗ ಅವರನ್ನು ಉಳಿಸೋದು ಈ ಸುಟ್ಟ ಹುಡುಗಿ ಕರೆದ ಡ್ರ್ಯಾಗನ್, ಬೆಂಕಿಯುಗುಳುವ ಹಾರುಹಾವು.

'ಡ್ರ್ಯಾಗನ್‌ಫ್ಲೈ' ಕತೆಯಲ್ಲಿ ಐರಿಯನ್ ಎಂಬ ಹೆಣ್ಣು ನೇರ ರೋಕ್ ಬಾಗಿಲಿಗೇ ಬಂದು ನಿಲ್ಲುತ್ತಾಳೆ. ಬಾಗಿಲು ಕಾಯುವವನು ಒಳಗೆ ಬಿಡುತ್ತಾನೆ. ಗುರುಗಳು ಎರಡು ಪಾಲಾಗುತ್ತಾರೆ. ಸತ್ತು ಮರಳಿ ಬಂದ ಒಬ್ಬ ಗುರು, ಪರಂಪರೆಯ ಹೆಸರಿನಲ್ಲಿ ಅವಳನ್ನು ಓಡಿಸಲು ಬರುತ್ತಾನೆ. ಸತ್ತವನೇ ಪರಂಪರೆಯ ವಕೀಲ! ಇದಕ್ಕಿಂತ ಚುರುಕಾದ ವ್ಯಂಗ್ಯ ಬೇಕೇ? ಗುಡ್ಡದ ಮೇಲೆ ಐರಿಯನ್ ಅವನನ್ನು ಎದುರಿಸಿ, ತಾನೇ ಡ್ರ್ಯಾಗನ್ ಆಗಿ ಹಾರಿಹೋಗುತ್ತಾಳೆ.

'ದಿ ಅದರ್ ವಿಂಡ್'ನಲ್ಲಿ ಬೆಸುಗೆ ಮತ್ತೆ ಆಗುತ್ತದೆ. ಆಲ್ಡರ್ ಎಂಬವನಿದ್ದಾನೆ, ಒಡೆದ ಮಡಕೆ ಕೊಡ ಕೂಡಿಸೋದು ಅವನ ಕಸುಬು. ದೊಡ್ಡ ಮಂತ್ರವಾದಿಗಳ ಲೆಕ್ಕಕ್ಕೇ ಬಾರದವನು. ಸತ್ತವರು ಅವನ ಕನಸಿನಲ್ಲಿ ಬಂದು ಕಲ್ಲಿನ ಗೋಡೆಯಾಚೆಯಿಂದ ನಮ್ಮನ್ನು ಬಿಡಿಸು ಅನ್ನುತ್ತಾರೆ. ಹಿಂದೆ ಮಂತ್ರವಾದಿಗಳು ಸಾವನ್ನು ಗೆಲ್ಲುವ ಆಸೆಗೆ ಡ್ರ್ಯಾಗನ್‌ಗಳ ನೆಲ ಕದ್ದು, ಗೋಡೆ ಕಟ್ಟಿ, ಒಣ ಲೋಕವೊಂದನ್ನು ಮಾಡಿದ್ದರು. ಸತ್ತವರು ಅಲ್ಲಿ ನೆರಳುಗಳಾಗಿ ಸಿಕ್ಕಿಬಿದ್ದಿದ್ದಾರೆ. ಆ ಗೋಡೆ ಕೆಡವಲು ಬೇಕಾದವರು ಯಾರು ನೋಡಿ: ಮಡಕೆ ಕೂಡಿಸುವವನು, ಸುಟ್ಟ ಹುಡುಗಿ, ಡ್ರ್ಯಾಗನ್ ಹೆಣ್ಣು, ಅನಾಗರಿಕರು ಅನ್ನಿಸಿಕೊಂಡ ಕಾರ್ಗ್ ಜನರ ರಾಜಕುಮಾರಿ, ರೋಕ್ ಅನುಮಾನದಿಂದ ನೋಡುತ್ತಿದ್ದ ಪಾಲ್ನ್ ದ್ವೀಪದ ಮಂತ್ರವಾದಿ, ಜೊತೆಗೆ ರೋಕ್ ಗುರುಗಳು. ಯಾರ ವಿದ್ಯೆಯೂ ಒಂಟಿಯಾಗಿ ಸಾಲದು. ಗೋಡೆ ಬೀಳುತ್ತದೆ. ಇಷ್ಟು ಹೊತ್ತು ಮಂತ್ರ ಅನ್ನಿಸಿಕೊಂಡಿದ್ದರ ತಳದಲ್ಲಿ ಒಂದು ಕಳ್ಳತನ ಇತ್ತು ಅಂತ ಮಂತ್ರವಾದಿಗಳೇ ಒಪ್ಪಬೇಕಾಗುತ್ತದೆ. ಒಬ್ಬ ಬಿಳಿಯ ಲೇಖಕಿ ತನ್ನ ನಾಡು ಯಾರ ನೆಲದ ಮೇಲೆ ಕೂತಿದೆ ಅಂತ ತಿಳಿದೇ ಇದನ್ನು ಬರೆದಿದ್ದಾರೆ ಅಂತ ನಮಗನ್ನಿಸುತ್ತದೆ.

6

ಹೊಗಳಿದ್ದು ಆಯಿತು. ಈಗ ಜಗಳ.

ಮೊದಲನೆಯದು: ಅರ್ಥ್‌ಸೀಯಲ್ಲಿ ಮಂತ್ರಶಕ್ತಿ ಹುಟ್ಟಿನಿಂದ ಬರುತ್ತದೆ. ಕುಲದಿಂದ ಅಲ್ಲ, ನಿಜ. ಮೇಕೆ ಕಾಯೋನಿಗೂ ಬರಬಹುದು. ಆದರೂ ಅದು ಕೆಲವರಿಗಷ್ಟೇ ಬರೋ ವರ. 'ಪ್ರತಿಭೆ' ಅನ್ನೋ ಈ ಮಾತು ನಮಗೆ ಹಳೆಯ ಪರಿಚಯ. ಮೀಸಲಾತಿಯ ಮಾತು ಬಂದಾಗಲೆಲ್ಲ 'ಮೆರಿಟ್' ಅಂತ ವೇಷ ಹಾಕಿಕೊಂಡು ಬರುವವನು ಇವನೇ.

ಎರಡನೆಯದು: ಲೋಕ ಸರಿಹೋಗೋದು ರಾಜ ಪಟ್ಟಕ್ಕೆ ಬಂದಾಗ. ಲೆಬಾನೆನ್ ಒಳ್ಳೆಯ ರಾಜನೇ ಇರಬಹುದು. ಒಳ್ಳೆಯ ರಾಜನಿಗೆ ಕಾಯೋದನ್ನು ಬಿಟ್ಟ ದಿನವೇ ನಾವು ಮನುಷ್ಯರಾದದ್ದು.

ಮೂರನೆಯದೇ ನಮಗೆ ದೊಡ್ಡದು. ಲೆಕ್ಕ ಹಾಕಿ. ಅನೀಬ್ ಸತ್ತಳು. ಆಲ್ಡರ್ ಗೋಡೆ ಕೆಡವಿ ಅಲ್ಲೇ ಸತ್ತ. ಐರಿಯನ್ ಡ್ರ್ಯಾಗನ್ ಆಗಿ ಹಾರಿದಳು. ತೆಹಾನುವೂ ಕೊನೆಗೆ ಹಾರಿದಳು. ಬಾಗಿಲಿಗೆ ಬಂದ ಹೆಣ್ಣು ಒಂದೋ ಸಾಯಬೇಕು, ಇಲ್ಲವೇ ಹಾರಬೇಕೇ? ಹಾಲ್ಕೆಲ್‌ನ ಕಟ್ಟಳೆಯ ನಂತರ ರೋಕ್‌ನ ತರಗತಿಯಲ್ಲಿ ಒಬ್ಬ ಸಾಧಾರಣ ಹುಡುಗಿ ಬಂದು ಕೂತು ಪಾಠ ಬರೆದುಕೊಳ್ಳುವ ಒಂದು ನೋಟವೂ ಈ ಪುಸ್ತಕಗಳಲ್ಲಿ ನಮಗೆ ಸಿಗಲಿಲ್ಲ. 1848ರಲ್ಲಿ ಪುಣೆಯಲ್ಲಿ ಸಾವಿತ್ರಿಬಾಯಿ ಫುಲೆ ಹೆಣ್ಣುಮಕ್ಕಳ ಶಾಲೆ ತೆರೆದಾಗ ಅವರಿಗೆ ರೆಕ್ಕೆ ಮೂಡಲಿಲ್ಲ. ಮೈಮೇಲೆ ಸಗಣಿ ಬಿತ್ತು. ಸೀರೆ ಬದಲಾಯಿಸಿ ಪಾಠ ಮಾಡಿದರು. 1927ರಲ್ಲಿ ಮಹಾಡದ ಕೆರೆಗೆ ಇಳಿದವರು ಯಾರೂ ಹಾರಲಿಲ್ಲ. ಬಗ್ಗಿ ಬೊಗಸೆಯಲ್ಲಿ ನೀರು ಕುಡಿದರು. ನಮಗೆ ಬೇಕಾದದ್ದು ರೆಕ್ಕೆ ಅಲ್ಲ, ಬೆಂಚು.

ಈ ಮಾತನ್ನು ನಾವು ಓದಿನ ಕೂಟದಲ್ಲಿ ಹೇಳಿದಾಗ ಹಳ್ಳಿ ಶಾಲೆಯ ಒಬ್ಬ ಮೇಡಂ ಒಪ್ಪಲಿಲ್ಲ. 'ನೀವು ಹಾರೋದನ್ನು ಓಡಿಹೋಗೋದು ಅಂತ ಓದ್ತೀರಿ. ನನಗೆ ಹಾಗೆ ಕಾಣಲ್ಲ. ಅವಳು ಬಾಗಿಲು ತಟ್ಟಿದ್ದು ಒಳಗೆ ಬಿಡಿ ಅಂತ ಬೇಡೋಕಲ್ಲ, ಇದು ಯಾರ ಮನೆ ಅಂತ ಕೇಳೋಕೆ. ಕೇಳಾಯ್ತು, ಅವರ ಬಾಯಿ ಕಟ್ಟಿತು, ಹೊರಟಳು. ನಿಮಗೆ ಎಲ್ಲರೂ ನಿಮ್ಮ ಬೆಂಚಿನ ಮೇಲೇ ಕೂರಬೇಕು ಅನ್ನೋ ಹಟ ಯಾಕೆ?' ಅಂದರು. ನಾವು ಉತ್ತರ ಹುಡುಕಿದೆವು, ಪೂರ್ತಿ ಸಿಗಲಿಲ್ಲ. ಅವರ ಮಾತನ್ನು ಹಾಗೇ ಇಲ್ಲಿ ಇಟ್ಟಿದ್ದೇವೆ. ನೀವೂ ಯೋಚಿಸಿ.

ಒಂದು ವಿಚಾರದಲ್ಲಿ ಮಾತ್ರ ನಮ್ಮೆಲ್ಲರದು ಒಂದೇ ಮಾತು. ರೋಕ್ ಶಾಲೆ ಬಿಟ್ಟು ಹೊರಡುವವನಿಗೆ ಕೊನೆಯ ಪರೀಕ್ಷೆ ಒಂದಿದೆ: ಬಾಗಿಲು ಕಾಯುವವನ ಹೆಸರು ತಿಳಿಯಬೇಕು. ಗೆಡ್ ಕಲಿತ ಯಾವ ಮಂತ್ರವೂ ಅಲ್ಲಿ ನಡೆಯೋದಿಲ್ಲ. ಕೊನೆಗೆ ಅವನು ಸುಮ್ಮನೆ ಎದುರು ನಿಂತು, ನಿಮ್ಮ ಹೆಸರೇನು ಅಂತ ಕೇಳುತ್ತಾನೆ. ಅವನು ಹೇಳುತ್ತಾನೆ. ಬಾಗಿಲು ತೆರೆಯುತ್ತದೆ.

ಅಷ್ಟೇ. ನಮ್ಮ ಮೇಷ್ಟರುಗಳೇ, ಮೇಡಂಗಳೇ, ನಾಳೆ ಶಾಲೆಗೆ ಹೋದಾಗ ಗೇಟಿನ ಹತ್ತಿರ ನೋಡಿ. ಬಿಸಿಯೂಟ ಬೇಯಿಸುವವಳು ಇದ್ದಾಳೆ, ಕಸ ಹೊಡೆಯುವವನು ಇದ್ದಾನೆ, ಹಿಂದಿನ ಬೆಂಚಿನಲ್ಲಿ ಬಾಯಿಬಿಡದ ಹುಡುಗಿ ಇದ್ದಾಳೆ. ಅವರಿಗೆ ಗೊತ್ತಿರೋ ಬೇರು, ಹಾಡು, ಕಸುಬು ನಮ್ಮ ಪಠ್ಯದಲ್ಲಿ ಬೇರೆ ಯಾರದೋ ಹೆಸರಲ್ಲಿ ಅಚ್ಚಾಗಿರಬಹುದು. ಹೋಗಿ ಹೆಸರು ಕೇಳಿ. ಕೂಗೋ ಹೆಸರಲ್ಲ, ಅವರು ತಮ್ಮದು ಅಂತ ಹೇಳೋ ಹೆಸರು.